ಗಿಡ್ಡ ಕತ್ತಿಯ ಕಾಕಾ

ತಪ್ಪು ನನ್ನದೇ ಎಂದು ಮೊದಲೇ ಹೇಳಿಬಿಡುತ್ತೇನೆ. ಓದುವವರು ಅರ್ಧದಾರಿಯಲ್ಲಿ ಅದನ್ನು ತಾವೇ ಕಂಡುಹಿಡಿದು ಬೀಗುವುದು ಬೇಡ. ಮಾಮಾನ ದನಿಯನ್ನು ಕದ್ದು ನನ್ನ ಬಾಯಲ್ಲಿಟ್ಟುಕೊಂಡವನು ನಾನು. ಇಟ್ಟುಕೊಂಡು ಸುಮ್ಮನಾದರೂ ಇದ್ದೆನೇ? ಮುಖ ಕಾಣದ ಜನರ ಮುಂದೆ ದಿನಾ ಸಂಜೆ ಅದೇ ದನಿಯಲ್ಲಿ ಮಾತಾಡಿದೆ, ಬುದ್ಧಿ ಹೇಳಿದೆ, ಇಲ್ಲದ ಮೊಣಕಾಲು ನೋವಿಗೆ ನರಳಿದೆ. ಮೀಸೆ ಇನ್ನೂ ಸರಿಯಾಗಿ ಕೂಡಿಕೊಳ್ಳದ ಹುಡುಗನೊಬ್ಬ ಅರವತ್ತರ ಗಂಡಸಾಗಿ ಬದುಕುವುದು ಎಷ್ಟು ಸುಲಭವೆಂದು ಮೊದಮೊದಲು ನನಗೇ ಆಶ್ಚರ್ಯವಾಗಿತ್ತು. ಹೊರಗೆ ಬರುವುದು ಎಷ್ಟು ಕಷ್ಟ ಎನ್ನುವುದು ಆಮೇಲೆ ಗೊತ್ತಾಯಿತು.

ಅಣಕ ನನ್ನ ಹುಟ್ಟುರೋಗ. ಖಾನಾಪುರದಲ್ಲಿ ನಮ್ಮ ಮನೆ ರೈಲು ನಿಲ್ದಾಣಕ್ಕೆ ಹತ್ತಿರ. ಧ್ವನಿವರ್ಧಕದ ಹೆಂಗಸು ಗಾಡಿ ತಡವಾಗಿದೆ ಎಂದು ವಿಷಾದಿಸುವುದನ್ನು ಅವಳಿಗಿಂತ ಹೆಚ್ಚು ವಿಷಾದದಿಂದ ನಾನು ಹೇಳುತ್ತಿದ್ದೆ. ಬೆಳಗಾವಿ ಬಸ್ಸಿನ ಕಂಡಕ್ಟರು, ಮರಾಠಿಯಲ್ಲಿ ಶುರುಮಾಡಿ ಕನ್ನಡದಲ್ಲಿ ಬೈಗುಳ ಮುಗಿಸುವ ಕಿರಾಣಿ ಅಂಗಡಿಯವನು, ಅಪ್ಪನ ಸೀನು, ಎಲ್ಲವೂ ನನ್ನ ಗಂಟಲಲ್ಲಿ ಬಾಡಿಗೆಗೆ ಇದ್ದವು. ಇಷ್ಟು ಬಾಡಿಗೆದಾರರ ನಡುವೆ ಮನೆಯ ಒಡೆಯನಿಗೇ ಜಾಗವಿಲ್ಲದಂತಾಯಿತು. ನಾನು ನನ್ನದೇ ದನಿಯಲ್ಲಿ ಏನಾದರೂ ಹೇಳಿದರೆ ಇದು ಯಾರದ್ದು ಎಂದು ಜನ ಯೋಚಿಸುತ್ತಿದ್ದರು.

ಡಿಪ್ಲೊಮಾ ಮುಗಿಸಿ ಬೆಳಗಾವಿಯ ಶಹಾಪುರದಲ್ಲಿ ಮಾಮಾನ ಮನೆಗೆ ಬಂದ ಹೊಸತರಲ್ಲಿ ಒಮ್ಮೆ ಜ್ವರ ಬಂತು. ನಡುಗುತ್ತ ಅವ್ವನಿಗೆ ಫೋನ್ ಮಾಡಿದೆ.

“ಅವ್ವಾ, ಜ್ವರ ಬಂದಾವು.”

“ಇದು ಯಾರ್ದೋ? ಬಾಜೂ ಮನಿ ಮುದುಕಂದೇನು? ಅಷ್ಟೇನ ಚಲೋ ಬಂದಿಲ್ಲ ಬಿಡು,” ಎಂದು ಇಟ್ಟುಬಿಟ್ಟಳು.

ಅಂದು ಹಣೆ ಮುಟ್ಟಿ ನೋಡಿ, ಸ್ಕೂಟರಿನ ಹಿಂದೆ ಕೂರಿಸಿಕೊಂಡು ಡಾಕ್ಟರ ಹತ್ತಿರ ಕರೆದೊಯ್ದವನು ಮಾಮಾ. ಅಂಥವನ ದನಿಯನ್ನೇ ನಾನು ಕದ್ದದ್ದು. ನನ್ನ ಕೃತಜ್ಞತೆಯ ನಮೂನೆಯೇ ಅಂಥದ್ದು.

ಮಾಮಾನದು ಮಚ್ಛೆಯಲ್ಲಿ ಸಣ್ಣ ಕಾರ್ಖಾನೆ. ಫೌಂಡ್ರಿಗಳಿಗೆ ಕಟ್ಟಿಗೆಯ ಪ್ಯಾಟರ್ನ್ ಮಾಡಿಕೊಡುವುದು ಅಲ್ಲಿಯ ಕೆಲಸ. ಪಂಪಿನ ಹೊಟ್ಟೆಯೋ, ಗಾಲಿಯ ನಡುವಿನ ಗುಂಬವೋ, ಮೊದಲು ಕಟ್ಟಿಗೆಯಲ್ಲಿ ಹುಟ್ಟಬೇಕು. ಅದನ್ನು ಉಸುಕಿನಲ್ಲಿ ಒತ್ತಿ ಹೊರಗೆ ತೆಗೆದರೆ ಅಚ್ಚು ಉಳಿಯುತ್ತದೆ. ಆ ಅಚ್ಚಿಗೆ ಕರಗಿದ ಕಬ್ಬಿಣ ಸುರಿಯುತ್ತಾರೆ. ನಾನು ಅಲ್ಲಿ ಕಂಪ್ಯೂಟರಿನಲ್ಲಿ ನಕಾಶೆ ಬರೆಯುವವನು, ಅದು ಮುಗಿದರೆ ಕಟ್ಟಿಗೆಗೆ ಪಾಲಿಶ್ ಕಾಗದ ಉಜ್ಜುವವನು, ಅದೂ ಮುಗಿದರೆ ಚಹಾ ತರುವವನು. ಮಾಮಾ ಮೊದಲ ವಾರವೇ ನನ್ನ ಒಂದು ನಕಾಶೆಯನ್ನು ನೋಡಿ ಕನ್ನಡಕ ಹಣೆಗೇರಿಸಿದ್ದ.

“ಹಿಂಗ ನೋಡು, ಅಳಿಯಾ. ಇದರ ಗ್ವಾಡಿ ನೆಟ್ಟಗ ನಿಲ್ಲಿಸೀದಿ. ಉಸುಕಿನ್ಯಾಗ ಹೋಗತೈತಿ ಇದು, ಹೊರಗ ಹೆಂಗ ಬರಬೇಕು? ಸಿಗಬೀಳತೈತಿ. ಎಳದ್ರ ಅಚ್ಚು ಒಡೀತೈತಿ. ಜರಾ ವಾರಿ ಇಡು. ಹೊರಗ ಬರೂ ದಾರಿ ಮೊದಲ ನೋಡಬೇಕು, ಆಮ್ಯಾಲ ಒಳಗ ಹೋಗಬೇಕು.”

‘ಹಿಂಗ ನೋಡು’ ಎಂದು ಶುರುಮಾಡುವುದು, ನಡುವೆ ಬಸಿಯಲ್ಲಿ ಚಹಾ ಸುರ್‍ರೆಂದು ಎಳೆಯುವುದು, ಕೊನೆಗೊಂದು ಒಣ ಕೆಮ್ಮು. ಅವನ ಮಾತಿಗೆ ಈ ಮೂರು ಇರಲೇಬೇಕು. ನಾನು ಮಾತಿನ ಅರ್ಥವನ್ನು ಬಿಟ್ಟು ಕೆಮ್ಮನ್ನು ಕಲಿತೆ.

ಸಂಜೆಯ ನನ್ನ ಕೆಲಸ ಬೇರೆ. ಚೌಕಚೌಕ ಇಟ್ಟಿಗೆಗಳಿಂದ ಲೋಕವನ್ನೇ ಕಟ್ಟುವ ಆ ಕಂಪ್ಯೂಟರ್ ಆಟ ಗೊತ್ತಿರಬಹುದು. ಕೆಲವರು ಅದರಲ್ಲಿ ಮನೆ ಕಟ್ಟುತ್ತಾರೆ, ದನ ಸಾಕುತ್ತಾರೆ. ನಮ್ಮ ಗುಂಪು ಕಟ್ಟುವವರದಲ್ಲ, ಹೊಡೆದಾಡುವವರದು. ಒಬ್ಬರಿಗೊಬ್ಬರು ಎದುರು ನಿಂತು ಕತ್ತಿ ಬೀಸುವುದು, ಓಡುತ್ತಿರುವವನ ಸುತ್ತ ಇಟ್ಟಿಗೆ ಇಟ್ಟು ಕೂಡಿಹಾಕುವುದು. ಇಂಥ ಹೊಡೆದಾಟದಲ್ಲಿ ಆಟದ ಮೂಲರೂಪ ಉಪಯೋಗಕ್ಕೆ ಬರುವುದಿಲ್ಲ. ನಿಮ್ಮ ಕೈಯ ಕತ್ತಿಯೇ ನಿಮ್ಮ ಅರ್ಧ ಪರದೆಯನ್ನು ಮುಚ್ಚುತ್ತದೆ. ಮೈಗೆ ಬೆಂಕಿ ಹತ್ತಿತೆಂದರೆ ಕಣ್ಣೆದುರು ಬರೀ ಜ್ವಾಲೆ. ಹೊಡೆದವನು ಯಾವ ಕಡೆ ಹೋದ ಎಂದು ಗೊತ್ತಾಗುವ ಮೊದಲೇ ಸತ್ತಿರುತ್ತೀರಿ. ಅದಕ್ಕೆ ಟೆಕ್ಸ್ಚರ್ ಪ್ಯಾಕ್ ಬೇಕು. ಆಟದ ನಿಯಮವನ್ನು ಮುಟ್ಟದೆ ಅದರ ಬಟ್ಟೆಬರೆಯನ್ನಷ್ಟೇ ಬದಲಿಸುವ ಚಿತ್ರಗಳ ಗಂಟು ಅದು. ಕತ್ತಿ ಗಿಡ್ಡ, ಬೆಂಕಿ ತಗ್ಗು, ಬಾಣ ಎದ್ದುಕಾಣುವ ಬಣ್ಣ. ಒಂದೊಂದು ವಸ್ತುವನ್ನೂ ಪುಟ್ಟಪುಟ್ಟ ಚೌಕಗಳಲ್ಲಿ ನಾವೇ ಬರೆದು ತುಂಬಬೇಕು.

ಹಗಲು ಮಾಮಾನ ಹತ್ತಿರ ಎಲ್ಲವನ್ನೂ ಒಂದಿಷ್ಟು ದೊಡ್ಡದು ಮಾಡುತ್ತಿದ್ದೆ, ಕಬ್ಬಿಣ ಆರಿದಾಗ ಕುಗ್ಗುತ್ತದೆ ಎಂದು. ಸಂಜೆ ಎಲ್ಲವನ್ನೂ ಸಣ್ಣದು ಮಾಡುತ್ತಿದ್ದೆ. ಮಾಮಿ ಹಿಂದೆ ನಿಂತು ನೋಡಿ, “ಇಡೀ ದಿನಾ ಕುಂತು ಒಂದು ಚಮಚ ಬರದೀದೇನು?” ಎಂದು ಕೇಳಿದ್ದಳು. ಅದು ನನ್ನ ಅತ್ಯುತ್ತಮ ಕತ್ತಿ. ಪ್ರಾಣ ಉಳಿಸಲು ಆಟಗಾರರು ತಿನ್ನುವ ಚಿನ್ನದ ಸೇಬನ್ನು ಅಳಿಸಿ ಆ ಜಾಗದಲ್ಲಿ ಎಲೆಯ ಮೇಲಿನ ಬೆಳಗಾವಿಯ ಸಿಹಿ ಕುಂದಾ ಇಟ್ಟಿದ್ದೆ. ಆಕಾಶಕ್ಕೆ ಜಾಂಬೋಟಿ ಕಾಡಿನ ಮಳೆಗಾಲದ ಬೂದು ಹಚ್ಚಿದ್ದೆ. ಬಿಸಿಲಿನ ಝಳ ಇಲ್ಲದ್ದರಿಂದ ಎದುರಾಳಿ ನಿಚ್ಚಳವಾಗಿ ಕಾಣುತ್ತಿದ್ದ.

ಆದರೆ ಯಾರೂ ಅದನ್ನು ಹಾಕಿಕೊಳ್ಳಲಿಲ್ಲ. ಬೆಳಗಾವಿ, ಖಾನಾಪುರ, ಲೋಂಡಾ ಕಡೆಯ ಹುಡುಗರು ಆಡುತ್ತ ಮಾತಾಡಿಕೊಳ್ಳುವ ಒಂದು ಗುಂಪಿತ್ತು. ಅಲ್ಲಿ ನಾನು, “ಕತ್ತಿ ಗಿಡ್ಡ ಮಾಡ್ರಿ, ಎದುರಿನಾಂವ ಕಾಣತಾನ,” ಎಂದರೆ, “ಬಿಡಲೇ, ಕತ್ತಿ ಅಂದ್ರ ಕತ್ತಿ ಇರಬೇಕು,” ಎಂದು ಮುಂದೆ ಹೋಗುತ್ತಿದ್ದರು. ಒಂದು ಸಂಜೆ ಸಿಟ್ಟಿಗೆದ್ದು, ಮೈಕು ತಿರುಗಿಸಿ, ಮಾಮಾನ ದನಿ ತೆಗೆದೆ.

“ಹಿಂಗ ನೋಡ್ರಿ, ತಮ್ಮಗೋಳ್ರಾ. ಕತ್ತಿ ಇರೂದು ಹೊಡ್ಯಾಕ, ನೋಡಾಕಲ್ಲ.” ಆಮೇಲೆ ಕೆಮ್ಮಿದೆ.

ಆಟದೊಳಗೆ ಓಡುತ್ತಿದ್ದವರೆಲ್ಲ ನಿಂತರು.

“ಯಾರ್ರಿ ಅದು?”

“ಪ್ಯಾಕ್ ಮಾಡಿದಾಂವ ನಾನ ಅದೀನಿ.”

“ಹೌದ್ರಿ ಕಾಕಾ,” ಎಂದಿತು ಒಂದು ದನಿ. “ಕಾಕಾ, ಲಿಂಕ್ ಕಳಸ್ರಿ,” ಎಂದಿತು ಇನ್ನೊಂದು.

ನಾನು ನಕ್ಕೆ. ಆಗಲೇ ಹೇಳಿಬಿಡಬೇಕಿತ್ತು. ಆದರೆ ಜೀವಮಾನದಲ್ಲಿ ಮೊದಲ ಸಲ ನನ್ನ ಮಾತಿಗೆ ಯಾರೋ ‘ಹೌದ್ರಿ’ ಎಂದಿದ್ದರು. ಆ ‘ರಿ’ ಎಷ್ಟು ರುಚಿಯಾಗಿತ್ತೆಂದರೆ ಮರುದಿನವೂ ಬೇಕೆನಿಸಿತು.

ಹೀಗೆ ನಾನು ಕಾಕಾ ಆದೆ. ಮೈಕಿನ ಬಾಜೂಕೆ ಬಸಿ ಇಟ್ಟುಕೊಂಡು ಚಹಾ ಎಳೆಯುವ ಸದ್ದು ಮಾಡತೊಡಗಿದೆ. ಚಹಾ ಇಲ್ಲದ ದಿನ ನೀರು. ಮಚ್ಛೆಯ ಪ್ಯಾಟರ್ನ್ ಕಾರ್ಖಾನೆ, ಮೊಣಕಾಲು ನೋವು, ಬೇಗ ಮಲಗುವ ಅಭ್ಯಾಸ, ಮಾಮಾನದೆಲ್ಲವನ್ನೂ ಹೊತ್ತು ತಂದು ನನ್ನದೆಂದು ಹೇಳಿದೆ. ಒಮ್ಮೆ ಮಾಮಿ ಹಿಂದಿನಿಂದ ಕೂಗಿದಾಗ ನನ್ನದೇ ದನಿಯಲ್ಲಿ “ಬಂದ್ನಿ” ಎಂದುಬಿಟ್ಟೆ. ಯಾರದು ಎಂದು ಗುಂಪು ಕೇಳಿತು. ಕಾಕಾ ನಿಟ್ಟುಸಿರು ಬಿಟ್ಟ.

“ನನ್ನ ಅಳಿಯಾ ಅದಾನ ನೋಡ್ರಿ ಒಬ್ಬಾಂವ. ಮಾಡಾಕ ಕೆಲಸಿಲ್ಲ. ಮಂದೀನ ಅಣಕಸಕೋತ ಅಡ್ಡಾಡತಾನ. ನನ್ನ ದನೀನೂ ಮಾಡತಾನಂತ. ಅವನ ಮಾತು ಯಾರೂ ಮನಸ್ಸಿಗೆ ಹಚ್ಚಕೋಬ್ಯಾಡ್ರಿ.”

ಎಲ್ಲರೂ ನಕ್ಕರು. ನಾನೂ ಚೆನ್ನಾಗಿ ನಕ್ಕೆ. ನನ್ನ ಸುತ್ತ ಕೊನೆಯ ಇಟ್ಟಿಗೆಯನ್ನು ನಾನೇ ಇಟ್ಟುಕೊಂಡದ್ದು ಆ ಹೊತ್ತು.

ಗುಂಪಿನಲ್ಲಿ ಎಲ್ಲರಿಗಿಂತ ಚೆನ್ನಾಗಿ ಹೊಡೆಯುತ್ತಿದ್ದವಳು ಲೋಂಡಾದ ಒಬ್ಬ ಹುಡುಗಿ. ಡಿಗ್ರಿಯ ಕೊನೆಯ ವರ್ಷ, ಅಪ್ಪನದು ರೈಲ್ವೆಯಲ್ಲಿ ನೌಕರಿ. ಅವಳ ಮನೆಯಲ್ಲಿ ನೆಟ್‌ವರ್ಕ್ ಅಡುಗೆಮನೆಯ ಕಿಟಕಿಯಲ್ಲಿ ಮಾತ್ರ ಸಿಗುತ್ತಿತ್ತು. ಹಾಗಾಗಿ ಅವಳ ಯುದ್ಧದ ಹಿನ್ನೆಲೆಯಲ್ಲಿ ಸದಾ ಕುಕ್ಕರಿನ ಸೀಟಿ, ಗಾಡಿಯ ಸೀಟಿ. ಲ್ಯಾಪ್‌ಟಾಪ್ ಹಳೆಯದು, ಭಾರದ ಪ್ಯಾಕ್ ಹಾಕಿದರೆ ಏದುಸಿರು ಬಿಡುತ್ತಿತ್ತು.

“ಕಾಕಾರ, ನನಗೊಂದು ಹಗರ ಪ್ಯಾಕ್ ಮಾಡಿಕೊಡ್ರಿ. ಚಂದ ಬ್ಯಾಡ್ರಿ. ಕತ್ತಿ ಇರದಿದ್ರೂ ನಡೀತೈತಿ. ಎದುರಿನಾಂವ ಕಾಣಬೇಕು, ಅಷ್ಟ.”

ನನ್ನ ಮಾತನ್ನು ನನಗಿಂತ ಚೆನ್ನಾಗಿ ಹೇಳಿದವಳಿಗೆ ಏನೆನ್ನುವುದು? ಮಾಡಿಕೊಟ್ಟೆ. ಕತ್ತಿಯನ್ನು ಪರದೆಯ ಮೂಲೆಯಲ್ಲಿ ಉಗುರಿನಷ್ಟೇ ಇಟ್ಟೆ. ಬೆಂಕಿಯನ್ನು ಪಾದಕ್ಕಿಳಿಸಿದೆ. ಹುಲ್ಲಿನ ಕುಣಿತ ತೆಗೆದೆ. ಅದನ್ನು ಹಾಕಿಕೊಂಡ ಮೇಲೆ ಅವಳೆದುರು ಯಾರೂ ನಿಲ್ಲದಂತಾಯಿತು. ಕೃತಜ್ಞತೆಯಾಗಿ ಒಂದು ಬಾಟಲಿ ಬಂತು, ಅಳಿಯನ ಮನೆಗೆ ಮುಟ್ಟಿಸಿ ಎಂದು ಕಾಕಾ ಹೇಳಿದ್ದರಿಂದ ಖಾನಾಪುರಕ್ಕೆ ಬಂದ ಯಾರದೋ ಕೈಯಲ್ಲಿ, ಅಲ್ಲಿಂದ ನಮ್ಮಪ್ಪನ ಚೀಲದಲ್ಲಿ. ಒಳಗೆ ಜಾಂಬೋಟಿ ಕಡೆಯ ಯಾವುದೋ ಬೇರು ಕುದಿಸಿದ ಎಣ್ಣೆ. ಕಾಕಾನ ಮೊಣಕಾಲಿಗೆ ಎಂದು ಅವಳ ಅಜ್ಜಿ ಮಾಡಿದ್ದಂತೆ. ಸುಳ್ಳನ್ನು ಜನ ನಂಬಿದರೆ ನಗು ಬರುತ್ತದೆ. ಅದಕ್ಕೆ ಎಣ್ಣೆ ಕಾಯಿಸಿ ಕಳಿಸಿದರೆ ಬರುವುದಿಲ್ಲ. ನಿಜವಾದ ಮೊಣಕಾಲು ನೋವು ಮನೆಯಲ್ಲೇ ಇತ್ತಲ್ಲ. ಮಾಮಾನಿಗೆ ದಿನಾ ಹಚ್ಚತೊಡಗಿದೆ. “ಏನ್ ಅಳಿಯಾ, ಭಾಳ ಸೇವಾ ನಡಿಸೀದಿ, ಏನ್ ಮುರದೀದಿ?” ಎಂದು ಮಾಮಾ ಕೇಳುತ್ತಿದ್ದ.

ಆಗ ಬಂತು ಪಂದ್ಯ. ಬೆಳಗಾವಿಯ ಒಂದು ಕಾಲೇಜಿನ ಸಭಾಂಗಣದಲ್ಲಿ, ರವಿವಾರ, ಎಲ್ಲರೂ ತಮ್ಮ ತಮ್ಮ ಯಂತ್ರ ಹೊತ್ತು ತಂದು ಎದುರಾಬದುರು ಕೂತು ಆಡುವುದು. ನಮ್ಮ ಗುಂಪಿನ ತಂಡ ಎಂದರೆ ಅವಳೇ. ಉಳಿದವರು ಅವಳ ಹಿಂದೆ ಓಡುವವರು. ಆದರೆ ಅವಳ ಮನೆಯಲ್ಲಿ ಒಪ್ಪಿಗೆ ಸಿಗಲಿಲ್ಲ. ಕಿಟಕಿಯಲ್ಲಿ ಆಡುವುದು ಒಂದು, ಬೆಳಗಾವಿಗೆ ಹೋಗಿ ಗುರುತಿಲ್ಲದ ಹುಡುಗರ ನಡುವೆ ಆಡುವುದು ಇನ್ನೊಂದು. ಅಲ್ಲಿ ಹಿರಿಯರು ಯಾರಿದ್ದಾರೆ ಎಂದು ಅವಳಪ್ಪ ಕೇಳಿದರು. ಅವಳಲ್ಲಿ ಉತ್ತರ ತಯಾರಿತ್ತು.

“ಕಾಕಾರ ಇರ್ತಾರಂತ ಹೇಳೀನ್ರಿ,” ಎಂದಳು ನನಗೆ. “ನಿಮ್ಮ ಹೆಸರಿನ ಮ್ಯಾಲ ಅರ್ಧಾ ಒಪ್ಯಾರ. ನಾಳೆ ಮಧ್ಯಾಹ್ನ ಅಪ್ಪ ನಿಮಗ ಫೋನ್ ಮಾಡ್ತಾರಂತ. ನೀವೊಂದು ಮಾತು ಹೇಳಿದ್ರ ಮುಗೀತ್ರಿ.”

ಒಪ್ಪಿಗೆ ನಿಂತದ್ದು ಕಾಕಾನ ಮೇಲೆ. ಕಾಕಾ ನಿಂತದ್ದು ಒಂದು ಬಸಿಯ ಮೇಲೆ. ಈಗ ನಿಜ ಹೇಳಿದರೆ ಅವಳ ಆಟ ಅಲ್ಲಿಗೇ ಮುಗಿಯುತ್ತದೆ. ಹೇಳದಿದ್ದರೆ ಒಬ್ಬ ತಂದೆಗೆ ಸುಳ್ಳು ಭರವಸೆ ಕೊಟ್ಟಂತಾಗುತ್ತದೆ. ಆ ರಾತ್ರಿ ಊಟದಲ್ಲಿ ಮಾಮಾ ಕೆಮ್ಮಿದಾಗೆಲ್ಲ ನಾನು ಬೆಚ್ಚುತ್ತಿದ್ದೆ.

ಮರುದಿನ ಮಧ್ಯಾಹ್ನ ಕಾರ್ಖಾನೆಯಲ್ಲಿ ಊಟದ ಬಿಡುವು. ಹಳೆಯ ಪ್ಯಾಟರ್ನ್‌ಗಳನ್ನು ಇಡುವ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡೆ. ಕಿಟಕಿ ಇಲ್ಲದ ಕೋಣೆ. ಮೂರು ಗೋಡೆಗೂ ಕಟ್ಟಿಗೆಯ ಗಾಲಿ, ಕೊಳವೆ, ಮುಚ್ಚಳ, ನಡುವೆ ನಾನೊಬ್ಬ. ನಾಲ್ಕನೆಯದು ಹಲಗೆಯ ಗೋಡೆ, ಅದರಾಚೆ ಚಾಪೆಯ ಮೇಲೆ ಮಾಮಾ ಮಲಗಿದ್ದ. ಗೊರಕೆ ಕೇಳುತ್ತಿತ್ತು. ಇನ್ನೆಲ್ಲಿ ಹೋಗುವುದು? ಹೊರಗೆ ಕೆಲಸಗಾರರು ಬುತ್ತಿ ಬಿಚ್ಚಿ ಕೂತಿದ್ದರು. ಫೋನು ನಡುಗಿತು.

“ಶರಣ್ರಿ,” ಎಂದೆ, ಮಾಮಾನಾಗಿ, ಮೆಲ್ಲಗೆ.

“ನಮಸ್ಕಾರ್ರಿ ಕಾಕಾರ. ನಾ ಲೋಂಡಾದಿಂದ. ನಮ್ಮ ಮಗಳು ದಿನಾ ನಿಮ್ಮ ಸುದ್ದೀನ ಹೇಳತಾಳ್ರಿ.”

“ಹಿಂಗ ನೋಡ್ರಿ, ಚಲೋ ಹುಡುಗಿ. ಕೈ ಭಾಳ ಚುರುಕ.”

“ನನಗದು ತಿಳಿಯೂದಿಲ್ಲ ಬಿಡ್ರಿ. ಇಟ್ಟಂಗಿ ಇಟ್ಟಂಗಿ ಕಾಣತಾವು, ನಡುವ ಹೊಡದಾಡತಾರ. ನನಗ ಕಾಳಜಿ ಏನಂದ್ರ, ಆಕಿ ಒಬ್ಬಾಕಿನ ಬರಬೇಕು. ಅಲ್ಲೆ ಯಾರಾರ ನಮ್ಮಂಥಾವ್ರು ಇದ್ರ...”

“ನಾ ಇರ್ತೀನ್ರಿ,” ಎಂದೆ. ಕೆಮ್ಮಿದೆ. ಹಲಗೆಯಾಚೆ ಗೊರಕೆ ನಿಂತಿತು. ಆಮೇಲೆ ಅದು ಮತ್ತೆ ಶುರುವಾಯಿತು.

ಮಾತು ಚೆನ್ನಾಗಿಯೇ ಸಾಗಿತು. ಮಳೆ, ತಡವಾದ ಗಾಡಿ, ಎಣ್ಣೆಯ ಗುಣ. ಕೊನೆಗೆ ಅವರು ಇಡುವ ಮೊದಲು ದನಿ ತಗ್ಗಿಸಿ ಹೇಳಿದರು:

“ಮಳಿಗಾಲ ಐತಿ, ಮೊಣಕಾಲು ಜ್ವಾಕಿ ಮಾಡಕೋರಿ. ಥಂಡ್ಯಾಗ ಅಡ್ಡಾಡಬ್ಯಾಡ್ರಿ. ಹೊತ್ತಿಗೆ ಸರಿಯಾಗಿ ಊಟಾ ಮಾಡ್ರಿ.”

ಖಾನಾಪುರ ಬಿಟ್ಟ ಮೇಲೆ ಯಾರೂ ನನಗೆ ಹಾಗೆ ಹೇಳಿರಲಿಲ್ಲ. ಗಂಟಲಿನ ಹಿಡಿತ ಎಲ್ಲಿ ಸಡಿಲಾಯಿತೋ ತಿಳಿಯದು. ನಮ್ಮ ಓಣಿಯ ಹಿರಿಯರಿಗೆ ಹೇಳುವ ಹಾಗೆ ಬಾಯಿ ತಾನೇ ಹೇಳಿತು:

“ಹೂಂ ರೀ ಕಾಕಾ.”

ಆ ಕಡೆ ದೂರದಲ್ಲಿ ಒಂದು ಗಾಡಿ ಹೋಯಿತು, ಪೂರಾ ಹೋಗುವವರೆಗೆ ಅವರು ಕಾದರು.

“ಕಾಕಾ ಯಾರ್ರಿ? ನೀವೋ, ನಾನೋ?”

“ಹಿಂಗ ನೋಡ್ರಿ, ನಮ್ಮ ಕಡೆ ಎಲ್ಲಾರಿಗೂ ಕಾಕಾ ಅಂತೀವ್ರಿ.”

“ಅಂತೀರಿ. ದೊಡ್ಡಾವ್ರಿಗೆ.” ಎಂದರು ಅವರು. “ರವಿವಾರ ನಾನೂ ಬರತೀನ್ರಿ ಹಂಗಾರ, ಮಗಳ ಜೋಡಿ. ನೀವು ಅಲ್ಲೆ ಕುಂತಿದ್ದು ಕಂಡ್ರ ಆಕಿ ಆಡಲಿ. ಇಲ್ಲಂದ್ರ ಮುಂದಿನ ಗಾಡೀಗೆ ಇಬ್ಬರೂ ವಾಪಸ್. ಬರೋಬರ್ ಐತಲ್ರಿ?”

ಬರೋಬರ್ ಇತ್ತು. ದೀಪ ಹಚ್ಚಿ ಹುಡುಕಿದರೂ ತಪ್ಪು ಸಿಗದಷ್ಟು ಬರೋಬರ್.

ಆ ಸಂಜೆ ಗುಂಪಿಗೆ ಹೋಗಿ ನನ್ನ ದನಿಯಲ್ಲಿ ಎಲ್ಲವನ್ನೂ ಹೇಳಿದೆ. ಕಾಕಾ ಇಲ್ಲ, ನಾನೇ ಕಾಕಾ, ಎಲ್ಲ ಅಣಕ.

“ಅಳಿಯ ಬಂದಾನ ನೋಡ್ರಿ,” ಎಂದ ಒಬ್ಬ. “ಏ ಅಳಿಯಾ, ಕಾಕಾ ಹೇಳ್ಯಾರ ನಿನ್ನ ಸುದ್ದಿ. ಫೋನ್ ಅವರ ಕಡೆ ಕೊಡು.”

“ಖರೇ ಹೇಳಾಕತ್ತೀನಿ.”

“ಇದ ಮಾತು ಕಾಕಾನ ದನೀಲೆ ಹೇಳು ನೋಡೂಣು,” ಎಂದಳು ಲೋಂಡಾದವಳು.

ಹೇಳಿದೆ. ಎಲ್ಲರೂ ಕೇಕೆ ಹಾಕಿ ನಕ್ಕರು. ಭಾಳ ಚಲೋ ಮಾಡುತ್ತಾನೆ, ಖರೇ ಕಾಕಾನ ಕೆಮ್ಮು ಮಾತ್ರ ಇಷ್ಟು ಒಣ ಅಲ್ಲ ಎಂದರು. ನನ್ನ ಅಣಕ ನನ್ನ ಅಣಕದಷ್ಟು ಚೆನ್ನಾಗಿಲ್ಲವಂತೆ. ಅವಳು ನಗುತ್ತಲೇ, “ಅಳಿಯಾ, ಚ್ಯಾಷ್ಟಿ ಸಾಕು. ರವಿವಾರ ಕಾಕಾರನ್ನ ಹೊತ್ತಿಗೆ ಸರಿಯಾಗಿ ಕರಕೊಂಡ ಬಾ. ಅವರು ಕಾಣದಿದ್ರ ನಮ್ಮಪ್ಪ ನನ್ನ ಕುಂದ್ರಸೂದ ಇಲ್ಲ,” ಎಂದಳು. ಕೊನೆಯ ಮಾತಿಗೆ ನಗು ಇರಲಿಲ್ಲ.

ಉಳಿದದ್ದು ಒಂದೇ ದಾರಿ, ಅದಕ್ಕೆ ಎರಡು ಕಾಲು, ಎರಡರಲ್ಲೂ ನೋವು. ಎಣ್ಣೆ ಹಚ್ಚುತ್ತ ಮಾಮಾನಿಗೆ ಮೊದಲಿಂದ ಕೊನೆಯವರೆಗೆ ಹೇಳಿದೆ. ಅವನು ಕಣ್ಣು ಮುಚ್ಚಿ ಕೇಳಿದ.

“ಅದಕ್ಕನೇನು,” ಎಂದ. “ಅವತ್ತ ಮಧ್ಯಾಹ್ನ ಗ್ವಾಡಿ ಆಚೆ ನಾನ ಮಾತಾಡಾಕತ್ತೀನಿ ಅನಿಸ್ತು. ನಿದ್ದಿಗಣ್ಣಾಗ ಬಡಬಡಸಾಕತ್ತೀನೇನೋ ಅಂತ ಅಂಜಿ ಬಾಯಿ ಮುಟ್ಟಿ ನೋಡಿಕೊಂಡ್ನಿ. ಮುಚ್ಚಿತ್ತು.”

“ಮಾಮಾ, ಒಂದ ದಿನಾ. ಬಂದು ಸುಮ್ನ ಕುಂತ್ರ ಸಾಕು. ನೀ ಮಾತಾಡೂದೂ ಬ್ಯಾಡ.”

“ನನ್ನ ದನಿ ಒಯ್ದಿ. ಈಗ ಮೈನೂ ಬೇಕೇನು?”

ನಾನು ಎಣ್ಣೆಯ ಮುಚ್ಚಳ ಹಾಕಿದೆ, ತೆಗೆದೆ, ಮತ್ತೆ ಹಾಕಿದೆ.

“ಹಿಂಗ ನೋಡು, ಅಳಿಯಾ. ನಾ ಬಂದು ಕುಂತ್ರ ನಿನ್ನ ಸುಳ್ಳಿಗೆ ಕಾಲು ಬರತಾವು. ಆ ಮನಶ್ಯಾ ಮಗಳನ್ನ ಯಾರ ಮ್ಯಾಲ ಬಿಡಾಕತ್ತಾನ ಅಂತ ಅಂವಗ ಗೊತ್ತಿರಬೇಕು. ನೀನ ಹೋಗು. ನಿನ್ನ ದನೀಲೆ ಹೇಳು.”

“ನನ್ನ ದನಿ ಅಂದ್ರ ಯಾವುದು, ಮಾಮಾ?” ತಮಾಷೆಗೆ ಕೇಳಿದ್ದೆ. ಕೇಳಿದ ಮೇಲೆ ಅದು ತಮಾಷೆಯಾಗಿ ಉಳಿಯಲಿಲ್ಲ.

“ಜ್ವರ ಬಂದಾಗ ಬರತೈತಲ್ಲ, ಅದು,” ಎಂದು ಮಾಮಾ ಇನ್ನೊಂದು ಕಾಲು ಚಾಚಿದ.

ರವಿವಾರ ಬೆಳಗ್ಗೆ ಜಿಟಿಜಿಟಿ ಮಳೆ. ಸಭಾಂಗಣದ ತುಂಬ ತಂತಿ, ಒದ್ದೆ ಚಪ್ಪಲಿ, ಪ್ಲಾಸ್ಟಿಕ್ ಚೀಲದಿಂದ ಹೊರಬರುತ್ತಿದ್ದ ಕಂಪ್ಯೂಟರುಗಳು. ನಮ್ಮ ಗುಂಪಿನ ಹುಡುಗರು ತಂಡದ ಮೇಜಿನ ಪಕ್ಕ ಒಂದು ಖುರ್ಚಿ ಇಟ್ಟಿದ್ದರು, ಅದಕ್ಕೆ ಮನೆಯಿಂದ ತಂದ ದಿಂಬು, ಕೆಳಗೆ ಕಾಲಿಡಲು ಒಂದು ಸಣ್ಣ ಸ್ಟೂಲು. ಕಾಕಾನ ಮೊಣಕಾಲಿಗೆ. ನನ್ನನ್ನು ನೋಡಿ, “ಅಳಿಯಾ, ಕಾಕಾ ಹೊರಗ ಸ್ಕೂಟರ್ ನಿಲ್ಲಸಾಕತ್ತಾರೇನು?” ಎಂದು ಕೇಳಿದರು. ನಾನು ಆ ಖುರ್ಚಿಯಲ್ಲೇ ಕೂತುಬಿಟ್ಟೆ. ಏಳು ಎಂದರು. ಏಳಲಾಗಲಿಲ್ಲ.

ಬಾಗಿಲಲ್ಲಿ ಅವರಿಬ್ಬರೂ ಬಂದರು. ಅವಳು ಲ್ಯಾಪ್‌ಟಾಪನ್ನು ಅಕ್ಕಿಚೀಲದ ಹಾಳೆಯಲ್ಲಿ ಸುತ್ತಿ ಎದೆಗವಚಿಕೊಂಡಿದ್ದಳು. ಮೌಸು ಕರ್ಚೀಫಿನಲ್ಲಿತ್ತು. ಅಪ್ಪ ಎತ್ತರದ ಮನುಷ್ಯ, ಕೊಡೆ ಮಡಿಸಿ ನೀರು ಹೊರಗೇ ಝಾಡಿಸಿ ಒಳಗೆ ಬಂದರು. ಸುತ್ತ ನೋಡಿದರು. ಅಷ್ಟು ದೊಡ್ಡ ಕೋಣೆಯಲ್ಲಿ ತಲೆಗೂದಲು ನೆರೆತವರು ಅವರೊಬ್ಬರೇ.

“ಕಾಕಾರ ಎಲ್ಲೆದಾರ?”

“ಕಾಕಾ ಇಲ್ರಿ,” ಎಂದೆ. ದನಿ ಸಣ್ಣಗೆ, ಸ್ವಲ್ಪ ಒಡೆದು ಬಂತು. ಜ್ವರದ ದನಿಯೇ. “ನಾನ್ರಿ. ಮೊದಲಿಂದಾನೂ ನಾನ.”

“ಏ, ಇಂವ ಅಳಿಯಾರಿ,” ಎಂದ ಹುಡುಗನೊಬ್ಬ. “ಅಣಕಸಾಂವ.”

“ಅಣಕಸು ಹಂಗಾರ,” ಎಂದರು ಅವರು ನನ್ನನ್ನೇ ನೋಡುತ್ತ.

ಕೊನೆಯ ಸಲ ಮಾಮಾನನ್ನು ಕರೆದೆ. “ಹಿಂಗ ನೋಡ್ರಿ, ಮಳಿಗಾಲ ಐತಿ, ಮೊಣಕಾಲು ಜ್ವಾಕಿ ಮಾಡಕೋರಿ ಅಂತ ಹೇಳಿದ್ರಿ ನೀವು. ಹೊತ್ತಿಗೆ ಊಟಾ ಮಾಡ್ರಿ ಅಂದ್ರಿ.” ಕೆಮ್ಮಲಿಲ್ಲ. ಕೆಮ್ಮುವ ಧೈರ್ಯ ಇರಲಿಲ್ಲ.

ಹುಡುಗರ ನಗು ನಡುವೆಯೇ ನಿಂತಿತು. ಆ ಮಾತು ಫೋನಿನಲ್ಲಿ ಇದ್ದ ಇಬ್ಬರಿಗೆ ಮಾತ್ರ ಗೊತ್ತಿತ್ತು ಎನ್ನುವುದು ಅವಳಪ್ಪನ ಮುಖ ನೋಡಿದರೆ ಸಾಕು, ಯಾರಿಗಾದರೂ ತಿಳಿಯುತ್ತಿತ್ತು. ಅವಳು ಅಪ್ಪನನ್ನು ನೋಡಿದಳು, ನನ್ನನ್ನು ನೋಡಿದಳು.

“ಹಂಗಾರ ಎಣ್ಣಿ?”

“ಮಾಮಾಗ ಹಚ್ಚೀನಿ. ದನಿ ಅವಂದ. ಮೊಣಕಾಲೂ ಅವಂದ.”

“ಕಡಿಮಿ ಆಗೇತೇನು?”

“ಬಲಗಾಲಿಂದು ಆಗೇತಿ.”

“ಅಜ್ಜಿಗೆ ಹೇಳತೀನಿ,” ಎಂದಳು, ಬಾಗಿಲು ಮುಚ್ಚಿದ ಹಾಗೆ. ಆಮೇಲೆ, “ಪ್ಯಾಕ್ ಮಾಡಿದಾವ್ರು ಯಾರು? ಅದೂ ಮಾಮಾನ?”

“ಅದು ನಾನ.”

ಅವಳು ಬೇಡಿಕೊಳ್ಳಲಿಲ್ಲ. ಚೀಲದ ಹಾಳೆ ಬಿಚ್ಚಲೂ ಇಲ್ಲ, ಮತ್ತೆ ಬಿಗಿಯಲೂ ಇಲ್ಲ. ಅದರ ಅಂಚನ್ನು ಬೆರಳಲ್ಲಿ ಸುತ್ತುತ್ತ ಅಪ್ಪನ ಪಕ್ಕ ನಿಂತಳು. ಮೈಕಿನಲ್ಲಿ ಮೊದಲ ಜೋಡಿಯನ್ನು ಕರೆಯುತ್ತಿದ್ದರು. ಮುಂದಿನದು ನಮ್ಮದು. ನಾನು ಆಡಬಹುದಾದ ಮಾತೆಲ್ಲ ಮುಗಿದಿತ್ತು, ಎಲ್ಲ ದನಿಗಳಲ್ಲೂ. ಅವಳಪ್ಪ ಕೈಗಡಿಯಾರ ನೋಡಿಕೊಂಡರು. ಮುಂದಿನ ಗಾಡಿಯ ಹೊತ್ತು ಅವರಿಗೆ ಬಾಯಿಪಾಠವೇ ಇದ್ದೀತು. ಕೊಡೆಯನ್ನು ಎಡಗೈಗೆ ಬದಲಿಸಿದರು. ಬಲಗೈ ಚಾಚಿ ಮಗಳ ತೋಳಿನಿಂದ ಲ್ಯಾಪ್‌ಟಾಪನ್ನು ತೆಗೆದುಕೊಂಡರು. ಮುಗಿಯಿತು ಎಂದುಕೊಂಡೆ. ಅವರು ಅದನ್ನು ಮೇಜಿನ ಮೇಲಿಟ್ಟರು, ಹಾಳೆ ಬಿಚ್ಚಿ ಮಡಿಸಿ ಜೇಬಿಗಿಟ್ಟುಕೊಂಡರು, ಆಮೇಲೆ ನನ್ನ ಮುಂದೆ ಬಂದು ನಿಂತರು.

“ಅವತ್ತ ಫೋನ್‌ದಾಗ ಅಷ್ಟ ಹೊತ್ತು ಮಾತಾಡಿದಿ,” ಎಂದರು. “ಅದರಾಗ ಖರೇ ಇದ್ದದ್ದು ಒಂದ ಮಾತು, ನನಗ ಕಾಕಾ ಅಂದಿದ್ದು. ಏಳು ಹಂಗಾರ. ಅದು ನನ್ನ ಖುರ್ಚಿ.”